ಹೊತ್ತು ಹೇಳಿದ ದನಿ

ಕಾಲವು ಯಾರಿಗಾಗಿಯೂ ನಿಲ್ಲುವುದಿಲ್ಲವೆಂಬುದನ್ನು ಅರಿಯದವರಿಲ್ಲ. ಆದರೆ ಈಗ ಹೊತ್ತೆಷ್ಟಾಯಿತೆಂದು ತಿಳಿಯಬೇಕಾದರೆ ಮನುಷ್ಯನು ಯಾರನ್ನಾದರೂ, ಏನನ್ನಾದರೂ ಕೇಳಿಯೇ ತೀರಬೇಕು. ನೆಳಲನ್ನು ಕೇಳಿದ್ದಾಯಿತು, ಘಳಿಗೆ ಬಟ್ಟಲನ್ನು ಕೇಳಿದ್ದಾಯಿತು, ಗೋಪುರದ ಗಂಟೆಯನ್ನು ಕೇಳಿದ್ದಾಯಿತು. 1936ನೆಯ ಇಸವಿ ಜುಲೈ ತಿಂಗಳ 24ನೆಯ ದಿನದಿಂದ ಮೊದಲ್ಗೊಂಡು ಲಂಡನ್ ನಗರದಲ್ಲಿ ಈ ಪ್ರಶ್ನೆಗೆ ಹಗಲಿರುಳೂ ಬೇಸರವಿಲ್ಲದೆ ಉತ್ತರ ಕೊಡುವ ಹೆಣ್ಣು ದನಿಯೊಂದು ಟೆಲಿಫೋನಿನಲ್ಲಿ ಕೇಳಿಬರತೊಡಗಿತು. ಆ ದನಿಯು ಸುಮಾರು 27 ವರ್ಷಗಳ ಕಾಲ ತನ್ನ ಕೆಲಸವನ್ನು ನಡೆಸಿತು. ಅಷ್ಟರಲ್ಲಿ ಇಂಗ್ಲೆಂಡಿನ ಸಿಂಹಾಸನವು ಮೂವರನ್ನು ಕಂಡಿತು, ಮಹಾಯುದ್ಧವೊಂದು ಆರಂಭವಾಗಿ ಮುಗಿಯಿತು, ಸಾಮ್ರಾಜ್ಯವು ಕರಗಿತು. ದನಿಯು ಮಾತ್ರ ಒಂದು ಎಳೆಯಷ್ಟೂ ಬದಲಾಗಲಿಲ್ಲ. ಆ ದನಿಯ ಒಡತಿ ಎಥೆಲ್ ಜೇನ್ ಕೇನ್ ಎಂಬಾಕೆ. ಟೆಲಿಫೋನ್ ಕೇಂದ್ರದಲ್ಲಿ ಕುಳಿತು ಕರೆಗಳನ್ನು ಜೋಡಿಸುತ್ತಿದ್ದ ಸಾಮಾನ್ಯ ಉದ್ಯೋಗಿ.

ಈ ದನಿಯ ಚರಿತ್ರೆಯನ್ನು ಸರಿಯಾಗಿ ತಿಳಿಯಬೇಕಾದರೆ ಅದಕ್ಕೂ ನೂರು ವರ್ಷ ಹಿಂದಕ್ಕೆ ಹೋಗುವುದು ಯುಕ್ತ. ಲಂಡನ್ನಿಗೆ ಸೇರಿದ ಗ್ರೀನಿಚ್ ಎಂಬಲ್ಲಿ ಪ್ರಸಿದ್ಧವಾದ ಖಗೋಳ ವೇಧಶಾಲೆಯುಂಟು. 1833ರಲ್ಲಿ ಆ ಕಟ್ಟಡದ ಶಿಖರದ ಮೇಲೆ ಕಂಬವೊಂದಕ್ಕೆ ದೊಡ್ಡ ಚೆಂಡನ್ನು ಸೇರಿಸಿ, ಪ್ರತಿದಿನವೂ ಮಧ್ಯಾಹ್ನ ಒಂದು ಗಂಟೆಗೆ ಸರಿಯಾಗಿ ಅದು ಕೆಳಕ್ಕಿಳಿಯುವಂತೆ ಏರ್ಪಡಿಸಿದರು. ಥೇಮ್ಸ್ ನದಿಯಲ್ಲಿ ಲಂಗರು ಹಾಕಿದ ಹಡಗಿನವರು ಅದನ್ನು ನೋಡಿ ತಮ್ಮ ಗಡಿಯಾರಗಳನ್ನು ಸರಿಪಡಿಸಿಕೊಳ್ಳುತ್ತಿದ್ದರು. ಚೆಂಡು ಕಣ್ಣಿಗೆ ಬೀಳದಷ್ಟು ದೂರದಲ್ಲಿದ್ದ ಗಡಿಯಾರದ ವ್ಯಾಪಾರಿಗಳ ಗತಿಯೇನು? ಅಂಥವರಿಗಾಗಿ ವೇಧಶಾಲೆಯ ಉದ್ಯೋಗಿಯಾದ ಜಾನ್ ಹೆನ್ರಿ ಬೆಲ್‌ವಿಲ್ ಎಂಬಾತನು 1836ರಿಂದ ಒಂದು ಹೊಸ ವೃತ್ತಿಯನ್ನೇ ಹೂಡಿದನು. ಉತ್ತಮವಾದ ಜೇಬುಗಡಿಯಾರವೊಂದನ್ನು ವೇಧಶಾಲೆಯ ಕಾಲಕ್ಕೆ ಹೊಂದಿಸಿಕೊಂಡು, ಗಿರಾಕಿಗಳ ಅಂಗಡಿಗಳಿಗೆ ತಾನೇ ಹೋಗಿ ಅದನ್ನು ತೋರಿಸಿ ಬರುವುದೇ ಆ ವೃತ್ತಿ. ಇಂಥ ಗಿರಾಕಿಗಳು ಅವನಿಗೆ ಸುಮಾರು 200 ಮಂದಿ ಇದ್ದರು. 1856ರಲ್ಲಿ ಅವನು ತೀರಿಕೊಂಡ ಮೇಲೆ ಹೆಂಡತಿ ಮರಿಯಾ 1892ರ ವರೆಗೂ, ಆಮೇಲೆ ಮಗಳು ರೂತ್ ಸುಮಾರು 1940ರ ವರೆಗೂ ಈ ಕಾಯಕವನ್ನು ನಡೆಸಿದರು.

ಆ ಗಡಿಯಾರವನ್ನು ಮಾಡಿದವನು ಜಾನ್ ಆರ್ನಾಲ್ಡ್ ಎಂಬ ಪ್ರಖ್ಯಾತ ಶಿಲ್ಪಿ. ಅವನ ನೆನಪಿಗಾಗಿ ರೂತ್ ಬೆಲ್‌ವಿಲ್ ಅದನ್ನು ಆರ್ನಾಲ್ಡ್ ಎಂದೇ, ಮನೆಯ ಹಿರಿಯನೊಬ್ಬನನ್ನು ಕರೆಯುವಂತೆ ಕರೆಯುತ್ತಿದ್ದಳು. ಮೊದಲು ಅದಕ್ಕೆ ಬಂಗಾರದ ಕವಚವಿದ್ದಿತು. ಬೀದಿಯಲ್ಲಿ ಕಳ್ಳರ ಕಣ್ಣು ಬೀಳದಿರಲೆಂದು ತಂದೆಯು ಅದನ್ನು ತೆಗೆಸಿ ಬೆಳ್ಳಿಯ ಕವಚವನ್ನು ಹಾಕಿಸಿದ್ದನು. ತಂತಿಯ ಮೂಲಕ ಕಾಲವನ್ನು ಕಳುಹಿಸುವ ಸಂಸ್ಥೆಗಳು ಹುಟ್ಟಿದ ಮೇಲೆಯೂ ಈಕೆಯ ಗಿರಾಕಿಗಳೆಲ್ಲರೂ ಬಿಟ್ಟುಹೋಗಲಿಲ್ಲ. 1908ರಲ್ಲಿ ಅಂಥ ಸಂಸ್ಥೆಯೊಂದರ ಮುಖ್ಯಸ್ಥನು ಸಭೆಯೊಂದರಲ್ಲಿ ಈಕೆಯ ವೃತ್ತಿಯನ್ನು ಹೀಗಳೆದು ಮಾತನಾಡಿದನು. ವೃತ್ತಪತ್ರಿಕೆಗಳು ಆ ವಿಷಯವನ್ನೆತ್ತಿಕೊಂಡು ಬರೆದವು. ಅದರಿಂದ ಈಕೆಗೆ ಹಾನಿಯಾಗುವುದರ ಬದಲು ಪ್ರಸಿದ್ಧಿಯೇ ಹೆಚ್ಚಿತು. ತಂತಿಗಿಂತ ಮನುಷ್ಯಳ ಮೇಲೆ ನಂಬುಗೆಯಿಡುವ ಜನ ಇನ್ನೂ ಉಳಿದಿದ್ದರೆಂಬುದಕ್ಕೆ ಇದೊಂದು ಸಾಕ್ಷಿ.

ಇತ್ತ ಟೆಲಿಫೋನು ಮನೆಮನೆಗೂ ಬರತೊಡಗಿತು. ಆಗಿನ ಪದ್ಧತಿಯಲ್ಲಿ ಟೆಲಿಫೋನನ್ನು ಎತ್ತಿದೊಡನೆ ಕೇಂದ್ರದಲ್ಲಿ ಕುಳಿತ ಆಪರೇಟರಳ ದನಿ ಕೇಳುತ್ತಿದ್ದಿತು. ಬೇಕಾದವರ ಹೆಸರನ್ನೋ ಸಂಖ್ಯೆಯನ್ನೋ ಹೇಳಿದರೆ ಆಕೆಯು ಕೈಯಿಂದಲೇ ತಂತಿಯನ್ನು ಸಿಕ್ಕಿಸಿ ಜೋಡಿಸುವಳು. ಹೀಗೆ ಕೈಯಳತೆಯಲ್ಲಿಯೇ ಒಬ್ಬ ಮನುಷ್ಯಳಿರುವಾಗ ಆಕೆಯನ್ನು ಹೊತ್ತೆಷ್ಟೆಂದು ಕೇಳುವುದು ಸಹಜವೇ ಆಗಿತ್ತು. ಆಕೆಯು ಗೋಡೆಯ ಗಡಿಯಾರವನ್ನು ನೋಡಿ ಹೇಳುವಳು. ಒಬ್ಬಿಬ್ಬರು ಕೇಳಿದರೆ ಇದು ಸೌಜನ್ಯ. ಸಾವಿರಾರು ಮಂದಿ ಕೇಳತೊಡಗಿದರೆ ಹೊರೆ.

ಇಂಥ ಹೊರೆಯು ಮಿತಿಮೀರಿದುದು ಮೊದಲು ಪ್ಯಾರಿಸ್ ನಗರದಲ್ಲಿ. ಅಲ್ಲಿನ ವೇಧಶಾಲೆಯ ಟೆಲಿಫೋನು ಕಾಲವನ್ನು ಕೇಳುವವರಿಂದಲೇ ಸದಾ ತುಂಬಿಹೋಗಿ ಬೇರೆ ಕಾರ್ಯಕ್ಕೆ ದೊರೆಯದಂತಾಯಿತು. ವೇಧಶಾಲೆಯ ಅಧ್ಯಕ್ಷರಾಗಿದ್ದ ಎರ್ನೆಸ್ಟ್ ಎಸ್ಕ್ಲಾಂಗೋ ಎಂಬ ಖಗೋಳಶಾಸ್ತ್ರಜ್ಞರು ಈ ಕಾಟಕ್ಕೆ ಪರಿಹಾರವಾಗಿ ಮಾತನಾಡುವ ಗಡಿಯಾರವನ್ನು ಯೋಚಿಸಿದರು. ರೇಡಿಯೋದಲ್ಲಿ ಹೆಸರಾಗಿದ್ದ ಮಾರ್ಸೆಲ್ ಲಪೋರ್ತ್ ಎಂಬಾತನ ದನಿಯನ್ನು ಅದಕ್ಕೆ ಅಳವಡಿಸಿ 1933ರ ಫೆಬ್ರವರಿ 14ರಂದು ಸೇವೆಯನ್ನಾರಂಭಿಸಲಾಯಿತು. ಮೊದಲ ದಿನವೇ 1,40,000 ಕರೆಗಳು ಬಂದವು. 20 ತಂತಿಗಳು ಮಾತ್ರವೇ ಇದ್ದುದರಿಂದ ಉತ್ತರ ದೊರೆತುದು 20,000 ಕರೆಗಳಿಗಷ್ಟೆ. ಜನರಿಗೆ ಕಾಲದ ಹಸಿವು ಎಷ್ಟಿತ್ತೆಂಬುದು ಆ ಒಂದು ದಿನದಲ್ಲಿ ಪ್ರಕಟವಾಯಿತು.

ಲಂಡನ್ನಿನ ಅಂಚೆಯ ಇಲಾಖೆಯು ಆಗ ಟೆಲಿಫೋನಿನ ಒಡೆತನವನ್ನೂ ಹೊಂದಿತ್ತು. ಅದು ಪ್ಯಾರಿಸ್ಸಿನ ಮಾರ್ಗವನ್ನೇ ಹಿಡಿಯಿತಾದರೂ ದನಿಯನ್ನು ಆರಿಸುವಲ್ಲಿ ಬೇರೆಯೊಂದು ದಾರಿಯನ್ನು ತುಳಿಯಿತು. ಹೊರಗಿನ ಪ್ರಸಿದ್ಧರನ್ನು ಕರೆಯದೆ, ತನ್ನ ಟೆಲಿಫೋನ್ ಆಪರೇಟರುಗಳಲ್ಲಿಯೇ ಒಂದು ಸ್ಪರ್ಧೆಯನ್ನೇರ್ಪಡಿಸಿತು. 1935ರಲ್ಲಿ ನಡೆದ ಈ ಸ್ಪರ್ಧೆಗೆ ಬಂಗಾರದ ಕಂಠದ ಸ್ಪರ್ಧೆಯೆಂದು ಹೆಸರಾಯಿತು. ಕಡೆಯ ಸುತ್ತಿಗೆ 9 ಮಂದಿ ಉಳಿದರು. ಅವರ ದನಿಯನ್ನು ಕೇಳಿ ತೀರ್ಪು ಕೊಡಲು ಕುಳಿತವರಲ್ಲಿ ಆಸ್ಥಾನಕವಿಯಾದ ಜಾನ್ ಮೇಸ್‌ಫೀಲ್ಡ್, ರಂಗಭೂಮಿಯ ಮಹಾನಟಿ ಸಿಬಿಲ್ ಥಾರ್ನ್‌ಡೈಕ್, ಬಿ.ಬಿ.ಸಿ.ಯ ಪ್ರಧಾನ ವಾರ್ತಾವಾಚಕ ಸ್ಟೂವರ್ಟ್ ಹಿಬ್ಬರ್ಡ್ ಇವರಿದ್ದರು. ಗಂಟೆ ನಿಮಿಷಗಳನ್ನು ಹೇಳುವುದಕ್ಕೆ ಕವಿಯ ಕಿವಿಯೂ ನಟಿಯ ಕಿವಿಯೂ ಏತಕ್ಕೆ ಬೇಕೆಂದು ವಾಚಕರು ಕೇಳಬಹುದು. ಬರಿಯ ಸ್ಪಷ್ಟತೆಯೇ ಸಾಕಾಗಿದ್ದರೆ ತಂತಿಯ ಇಂಜಿನಿಯರುಗಳೇ ಆ ತೀರ್ಪನ್ನು ಕೊಡಬಹುದಾಗಿತ್ತು. ಅಂಕಿಗಳನ್ನು ಹೇಳುವಾಗಲೂ ಮನುಷ್ಯನಿಗೆ ಮನುಷ್ಯನು ಹೇಳಿದಂತೆ ಕೇಳಿಸಬೇಕೆಂಬುದು ಇಲಾಖೆಯ ಅಭಿಪ್ರಾಯವಾಗಿದ್ದಂತೆ ತೋರುತ್ತದೆ. ಗೆದ್ದವಳು 1909ರಲ್ಲಿ ಹುಟ್ಟಿದ ಎಥೆಲ್ ಕೇನ್. ಬಹುಮಾನ 10 ಗಿನಿ, ಎಂದರೆ ಹತ್ತೂವರೆ ಪೌಂಡು.

ಇನ್ನು ಆಕೆಯ ದನಿಯನ್ನು ಯಂತ್ರಕ್ಕೆ ಸೇರಿಸಿದ ವಿಧಾನವು ಕುತೂಹಲಕರವಾದುದು. ಸಿನಿಮಾ ಫಿಲ್ಮಿನ ಅಂಚಿನಲ್ಲಿ ಶಬ್ದವನ್ನು ಬೆಳಕಿನ ಗೆರೆಗಳಾಗಿ ಮುದ್ರಿಸುವಂತೆ, ಆಕೆಯ ಮಾತನ್ನು ಗಾಜಿನ ತಟ್ಟೆಗಳ ಮೇಲೆ ಉಂಗುರದಂತಹ ಗೆರೆಗಳಾಗಿ ಮುದ್ರಿಸಿದರು. ತಟ್ಟೆಗಳು ಮೋಟಾರಿನಿಂದ ತಿರುಗುವುವು. ತೆಳ್ಳಗಿನ ಬೆಳಕಿನ ಕಿರಣವು ಗೆರೆಗಳನ್ನು ಹಾದು ದ್ಯುತಿಕೋಶದ ಮೇಲೆ ಬೀಳುವುದು. ಬೆಳಕಿನ ಏರಿಳಿತವು ವಿದ್ಯುತ್ತಾಗಿ, ವಿದ್ಯುತ್ತು ಮತ್ತೆ ದನಿಯಾಗಿ ಹೊರಹೊಮ್ಮುವುದು. ಈ ಸಲಕರಣೆಯೆಲ್ಲವೂ ಸೇರಿ ಒಂದು ಸಣ್ಣ ಕೋಣೆಯನ್ನೇ ತುಂಬುವಷ್ಟಿತ್ತು. ಯಂತ್ರವು ಹತ್ತು ಸೆಕೆಂಡಿಗೊಮ್ಮೆ ಒಂದು ವಾಕ್ಯವನ್ನು ನುಡಿದು, ಅದರ ಬೆನ್ನಿಗೆ ಮೂರು ಸದ್ದುಗಳನ್ನು ಮಾಡುವುದು. ಮೂರನೆಯ ಸದ್ದಿಗೆ ಹೊತ್ತು ಹತ್ತು ನಲವತ್ತೈದು, ಇಪ್ಪತ್ತು ಸೆಕೆಂಡು, ಎಂಬುದು ವಾಕ್ಯದ ರೀತಿ. ನಿಮಿಷವು ಪೂರ್ಣವಾದಾಗ ಸೆಕೆಂಡಿನ ಸ್ಥಾನದಲ್ಲಿ ಸರಿಯಾಗಿ ಎಂಬ ಅರ್ಥದ ಒಂದು ಮಾತು ಬರುವುದು. ಗ್ರೀನಿಚ್ ವೇಧಶಾಲೆಯಿಂದ ಗಂಟೆಗೊಮ್ಮೆ ಬರುವ ಸಂಕೇತದಿಂದ ಯಂತ್ರವು ತನ್ನನ್ನು ತಾನೇ ತಿದ್ದಿಕೊಳ್ಳುತ್ತಿದ್ದಿತು. ಆದುದರಿಂದ ಸೆಕೆಂಡಿನ ಹತ್ತನೆಯ ಒಂದು ಭಾಗಕ್ಕಿಂತ ಹೆಚ್ಚಿನ ತಪ್ಪು ಅದರಲ್ಲಿ ಬರುತ್ತಿರಲಿಲ್ಲ.

ಇಲ್ಲಿ ಲೆಕ್ಕವೊಂದನ್ನು ಮಾಡಿ ನೋಡಬಹುದು. ಹತ್ತು ಸೆಕೆಂಡಿಗೊಂದರಂತೆ ಹನ್ನೆರಡು ಗಂಟೆಗಳಲ್ಲಿ 4,320 ಬೇರೆಬೇರೆ ವಾಕ್ಯಗಳು ಬೇಕು. ಅವನ್ನೆಲ್ಲ ಒಬ್ಬಳಿಂದ ಹೇಳಿಸಬೇಕಾದ ಅಗತ್ಯವಿರಲಿಲ್ಲ. ಮೊದಲ ನುಡಿ 1, ಗಂಟೆಗಳಿಗೆ 12, ನಿಮಿಷಗಳಿಗೆ 60, ಸೆಕೆಂಡುಗಳಿಗೆ 6, ಒಟ್ಟು 79 ತುಂಡುಗಳಿದ್ದರೆ ಸಾಕು. ಮಿಕ್ಕ ಕೆಲಸವನ್ನು ಸನ್ನೆಕೋಲುಗಳು ಮಾಡುವುವು. ಮಾಲೆಗಾರನು ಒಂದೇ ಬುಟ್ಟಿಯ ಹೂಗಳಿಂದ ಹೊಸ ಹೊಸ ಮಾಲೆಗಳನ್ನು ಕಟ್ಟುವಂತೆ, ಯಂತ್ರವು ಆಕೆಯ 79 ತುಂಡುಗಳಿಂದ ದಿನಕ್ಕೆ 8,640 ವಾಕ್ಯಗಳನ್ನು ಕಟ್ಟಿತು. ಲಂಡನ್ನಿನವರು ಕೇಳಿದ ವಾಕ್ಯಗಳಲ್ಲಿ ಹೆಚ್ಚಿನವನ್ನು ಎಥೆಲ್ ಕೇನ್ ಒಂದೇ ಉಸಿರಿನಲ್ಲಿ ಎಂದೂ ಆಡಿದವಳಲ್ಲ. ಪದಗಳು ಆಕೆಯವು, ಸ್ವರವು ಆಕೆಯದು. ವಾಕ್ಯವು ಮಾತ್ರ ಯಂತ್ರದ್ದು.

ಟೆಲಿಫೋನಿನ ಚಕ್ರದ ಮೇಲೆ ಅಂಕಿಗಳೊಡನೆ ಅಕ್ಷರಗಳನ್ನೂ ಮುದ್ರಿಸಿದ್ದ ಕಾಲವದು. ಕಾಲವೆಂಬ ಅರ್ಥದ ಟೈಮ್ ಎಂಬ ಶಬ್ದದ ಮೊದಲ ಮೂರು ಅಕ್ಷರಗಳನ್ನು, ಎಂದರೆ 846 ಅಂಕಿಗಳನ್ನು, ತಿರುಗಿಸಿದರೆ ಈ ಸೇವೆಯು ದೊರೆಯುತ್ತಿದ್ದಿತು. ಆ ಮೂರಕ್ಷರಗಳನ್ನು ಕೂಡಿಸಿ ಓದಿದರೆ ಟಿಮ್ ಎಂದಾಗುತ್ತದೆ. ಅದು ಆ ನಾಡಿನಲ್ಲಿ ಗಂಡಸರ ಹೆಸರು. ಹೀಗಾಗಿ ಹೆಣ್ಣಿನ ದನಿಯನ್ನು ಜನರು ಗಂಡಿನ ಹೆಸರಿನಿಂದ ಕರೆಯುವ ವಿನೋದವು ಸಂಭವಿಸಿತು. ಲಂಡನ್ ಪ್ರದೇಶಕ್ಕೆ ಮಾತ್ರ ಸೀಮಿತವಾಗಿದ್ದ ಮೊದಲನೆಯ ವರ್ಷದಲ್ಲಿಯೇ ಟಿಮ್‌ಗೆ ಸುಮಾರು 1 ಕೋಟಿ 30 ಲಕ್ಷ ಕರೆಗಳು ಬಂದವು. 1942ರಲ್ಲಿ ಸೇವೆಯು ದೇಶಕ್ಕೆಲ್ಲ ವಿಸ್ತರಿಸಿತು. ಹತ್ತು ಗಿನಿಯ ಬಹುಮಾನವನ್ನು ಆ ನಾಡಿನ ಅಂದಿನ ನಾಣ್ಯಪದ್ಧತಿಯಂತೆ ಪೆನ್ನಿಗಳಿಗೆ ಇಳಿಸಿದರೆ 2,520 ಪೆನ್ನಿಗಳಾಗುತ್ತವೆ. ಮೊದಲ ಒಂದು ವರ್ಷದ ಕರೆಗಳನ್ನು ಅದರಿಂದ ಭಾಗಿಸಿದರೆ ಪೆನ್ನಿಯೊಂದಕ್ಕೆ ಐದು ಸಾವಿರಕ್ಕೂ ಮೇಲ್ಪಟ್ಟ ಕರೆಗಳು ಬೀಳುತ್ತವೆ. ಇನ್ನುಳಿದ ಇಪ್ಪತ್ತಾರು ವರ್ಷಗಳನ್ನು ಲೆಕ್ಕಕ್ಕೆ ಹಿಡಿಯುವ ಶ್ರಮ ಬೇಡ.

ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು ಎಂಬುದು ಕನ್ನಡದ ಗಾದೆ. ಆಡಿದ ಮಾತು ಹಿಂತಿರುಗಿ ಬಾರದಾದುದರಿಂದಲೇ ಅದಕ್ಕೆ ಬೆಲೆಯೂ ಭಾರವೂ ಉಂಟೆಂದು ಹಿರಿಯರು ತಿಳಿದಿದ್ದರು. ಶಬ್ದಗ್ರಹಣದ ಯಂತ್ರವು ಈ ನಿಯಮವನ್ನು ಮುರಿಯಿತು. ಒಮ್ಮೆ ಆಡಿದ ಮಾತು ಹೋಗದೆ ನಿಂತಿತು. ನಿಂತುದು ಮಾತ್ರವಲ್ಲದೆ ಒಡೆಯಳ ಕೈತಪ್ಪಿ ದುಡಿಯತೊಡಗಿತು. ಆಪರೇಟರಳು ದಿನದ ಸರದಿಯನ್ನು ಮುಗಿಸಿ ಮನೆಗೆ ಹೋದರೆ ಆಕೆಯ ದನಿಯೂ ಆಕೆಯೊಡನೆ ಹೋಗುತ್ತಿದ್ದಿತು. ಎಥೆಲ್ ಕೇನ್ ನಿದ್ರಿಸುತ್ತಿದ್ದಾಗಲೂ ಆಕೆಯ ದನಿಗೆ ನಿದ್ರೆಯಿರಲಿಲ್ಲ.

ಇದರಲ್ಲಿ ಇನ್ನೊಂದು ವಿಪರ್ಯಾಸವೂ ಅಡಗಿದೆ. ಆಪರೇಟರುಗಳ ಹೊರೆಯನ್ನು ಇಳಿಸುವುದಕ್ಕೆಂದು ಬಂದ ಯಂತ್ರವು ಅವರಲ್ಲೊಬ್ಬಳ ಕಂಠವನ್ನೇ ಬೇಡಿ ಪಡೆಯಿತು. ಕೈಯಿಂದ ಮಾಡುವ ಕೆಲಸವನ್ನು ಸ್ವಯಂಚಾಲಿತ ಯಂತ್ರಗಳು ಒಂದೊಂದಾಗಿ ಕಿತ್ತುಕೊಳ್ಳುತ್ತಿದ್ದ ಆ ದಿನಗಳಲ್ಲಿ, ಯಂತ್ರಕ್ಕೆ ದಕ್ಕದೆ ಉಳಿದುದು ಸೌಜನ್ಯವೊಂದೇ. ಅದನ್ನೂ ಗಾಜಿನ ಮೇಲೆ ಬರೆದಿಡಬಹುದೆಂದು ಟಿಮ್ ತೋರಿಸಿತು. ಬ್ರಿಟನ್ನಿನಲ್ಲಿ ಕೈಯಿಂದ ಜೋಡಿಸುವ ಟೆಲಿಫೋನ್ ಕೇಂದ್ರಗಳಲ್ಲಿ ಕಟ್ಟಕಡೆಯದಾದ ಪೋರ್ಟ್ರೀ ಕೇಂದ್ರವು, ಸ್ಕಾಟ್‌ಲೆಂಡಿನ ಸ್ಕೈ ದ್ವೀಪದಲ್ಲಿ, 1976ರಲ್ಲಿ ಮುಚ್ಚಿತು. ಅಲ್ಲಿಗೆ, ಟೆಲಿಫೋನನ್ನು ಎತ್ತಿದೊಡನೆ ಕೇಂದ್ರದಿಂದ ಮನುಷ್ಯರೊಬ್ಬರು ಓಗೊಡುತ್ತಿದ್ದ ಯುಗವು ಆ ನಾಡಿನಲ್ಲಿ ಕೊನೆಗೊಂಡಿತು. ಅವರಲ್ಲಿ ಹೆಚ್ಚಿನವರ ಹೆಸರುಗಳು ಯಾರಿಗೂ ನೆನಪಿಲ್ಲ. ಗಾಜಿನ ತಟ್ಟೆಯ ಮೇಲೆ ಉಳಿದ ಆ ಒಂದು ದನಿಯನ್ನು ಅವರೆಲ್ಲರ ದನಿಯೆಂದು ಭಾವಿಸಿದರೂ ಸಲ್ಲುತ್ತದೆ.

ರೂತ್ ಬೆಲ್‌ವಿಲ್ ಮತ್ತು ಎಥೆಲ್ ಕೇನ್ ಇವರಿಬ್ಬರನ್ನು ಪಕ್ಕಪಕ್ಕದಲ್ಲಿ ನಿಲ್ಲಿಸಿ ನೋಡುವುದು ಉಚಿತ. ಟಿಮ್ ಆರಂಭವಾದಾಗ ರೂತ್ ಎಂಬತ್ತು ದಾಟಿದ ವೃದ್ಧೆ. ಆದರೂ ಮತ್ತೆ ನಾಲ್ಕು ವರ್ಷ ಆರ್ನಾಲ್ಡನ್ನು ಕೈಚೀಲದಲ್ಲಿಟ್ಟುಕೊಂಡು ಲಂಡನ್ನಿನ ಬೀದಿಗಳಲ್ಲಿ ನಡೆದಳು. ಆಕೆ ತೀರಿಕೊಂಡುದು 1943ರ ಡಿಸೆಂಬರಿನಲ್ಲಿ. ಆಕೆಯು ಕಾಲವನ್ನು ಬಲ್ಲವಳು. ಗ್ರೀನಿಚ್ಚಿಗೆ ತಾನೇ ಹೋಗಿ ಕಣ್ಣಾರೆ ಕಂಡು ತಂದುದನ್ನೇ ಕೊಡುತ್ತಿದ್ದವಳು. ತಪ್ಪಾದರೆ ತಾನೇ ಉತ್ತರ ಹೇಳಬೇಕಾಗಿದ್ದವಳು. ಎಥೆಲ್ ಕೇನಳ ದನಿಗಾದರೋ ತಾನು ಹೇಳುತ್ತಿರುವ ಹೊತ್ತು ಯಾವುದೆಂಬುದೇ ತಿಳಿಯದು. ಒಬ್ಬಳು ಮಾತನ್ನು ಪೂರಾ ತನ್ನ ಹೊಣೆಯಲ್ಲಿಟ್ಟುಕೊಂಡು ಕೆಲವೇ ಮಂದಿಗೆ ಹೇಳಿದಳು. ಮತ್ತೊಬ್ಬಳು ಹೊಣೆಯಿಂದ ಬಿಡುಗಡೆ ಹೊಂದಿ ಕೋಟ್ಯಂತರ ಜನಕ್ಕೆ ಹೇಳಿದಳು. ಇಬ್ಬರನ್ನೂ ಜನರು ಒಂದೇ ಸಮನಾಗಿ ನಂಬಿದರು. ಸೆಕೆಂಡಿನ ಹತ್ತನೆಯ ಭಾಗದ ಲೆಕ್ಕದಲ್ಲಿ ಎಥೆಲಳ ದನಿಯೇ ಗೆದ್ದಿತೆಂಬುದರಲ್ಲಿ ಸಂದೇಹವಿಲ್ಲ. ಆದರೆ ಆ ನಂಬುಗೆಯನ್ನು ಜನರಲ್ಲಿ ಬೆಳೆಯಿಸಿದವರು ರೂತಳಂತೆ ಬೀದಿಯಲ್ಲಿ ನಡೆದವರೂ ಕೇಂದ್ರಗಳಲ್ಲಿ ಕುಳಿತು ಗೋಡೆಯ ಗಡಿಯಾರವನ್ನು ನೋಡಿ ಹೇಳಿದವರೂ ಆಗಿದ್ದರೆಂಬುದನ್ನು ಮರೆಯಲಾಗದು. ಯಂತ್ರವು ಅವರು ಕೂಡಿಟ್ಟ ಗಂಟನ್ನು ಖರ್ಚುಮಾಡಿತು.

ಎಥೆಲ್ ಕೇನ್ ಮಾತ್ರ ಆ ಗಾಜಿನೊಳಗೆ ಸಿಕ್ಕಿಕೊಂಡು ಉಳಿಯಲಿಲ್ಲ. ಟೆಲಿಫೋನ್ ಕೇಂದ್ರವನ್ನು ಬಿಟ್ಟು, ಜೇನ್ ಕೇನ್ ಎಂಬ ಹೆಸರಿನಿಂದ ನಟಿಯಾದಳು. ಅಂಕಿಗಳನ್ನು ಮಾತ್ರವೇ ಹೇಳಲು ಗೊತ್ತಿದ್ದ ತನ್ನ ಇನ್ನೊಂದು ದನಿಯನ್ನು ಅದರ ಪಾಡಿಗೆ ಬಿಟ್ಟು, ನಗುವುದಕ್ಕೂ ಅಳುವುದಕ್ಕೂ ಎಡೆಯಿರುವ ಮಾತುಗಳನ್ನು ಹುಡುಕಿಕೊಂಡು ಹೋದಳು. ಆದರೆ ಲೋಕವು ಅವಳನ್ನು ನೆನೆದುದು ಮೊದಲನೆಯ ದನಿಗಾಗಿಯೇ.

1963ರ ಮಾರ್ಚಿಯಲ್ಲಿ ಹೊಸ ಯಂತ್ರವು ಬಂದಿತು. ಗಾಜಿನ ತಟ್ಟೆಗಳ ಬದಲು ಕಾಂತೀಯ ಉರುಳೆಯೂ, ಲೋಲಕದ ಬದಲು ಸ್ಫಟಿಕದ ಗಡಿಯಾರವೂ ಅದರಲ್ಲಿದ್ದವು. ಹೊಸ ದನಿಯು ಪ್ಯಾಟ್ ಸಿಮನ್ಸ್ ಎಂಬ ಇನ್ನೊಬ್ಬ ಲಂಡನ್ ಉದ್ಯೋಗಿಯದು. ಅದು 22 ವರ್ಷ ನಡೆಯಿತು. 1985ರ ಏಪ್ರಿಲ್ 2ರಂದು ಬ್ರಯನ್ ಕಾಬಿ ಎಂಬಾತನು ಮೊದಲ ಗಂಡು ದನಿಯಾಗಿ ಬಂದನು. ಅವನು ನಟನಾಗಿದ್ದು ಆಮೇಲೆ ಬ್ರೈಟನ್ನಿನ ಟೆಲಿಫೋನ್ ಕೇಂದ್ರಕ್ಕೆ ಸೇರಿದವನು. ಮೊದಲನೆಯವಳು ಕೇಂದ್ರದಿಂದ ರಂಗಕ್ಕೆ ಹೋದ ದಾರಿಯಲ್ಲಿಯೇ ಇವನು ರಂಗದಿಂದ ಕೇಂದ್ರಕ್ಕೆ ಬಂದನೆಂಬುದು ಗಮನಾರ್ಹ. ಅವನ ಕಾಲದ ಯಂತ್ರದಲ್ಲಿ ಚಲಿಸುವ ಅಂಗವೆಂಬುದೇ ಇರಲಿಲ್ಲ. 2007ರಲ್ಲಿ ಸಾರಾ ಮೆಂಡೆಸ್ ಡಾ ಕೋಸ್ಟಾ, 2016ರಲ್ಲಿ ಅಲನ್ ಸ್ಟೆಡ್‌ಮನ್ ಇವರು ಆ ಸ್ಥಾನಕ್ಕೆ ಬಂದರು. ಇವರು ಟೆಲಿಫೋನ್ ಉದ್ಯೋಗಿಗಳಲ್ಲ, ಸಾರ್ವಜನಿಕರಿಗೆ ತೆರೆದಿದ್ದ ಸ್ಪರ್ಧೆಯಿಂದ ಆರಿಸಲ್ಪಟ್ಟವರು. ಆರಿಸಬಹುದಾದ ಆಪರೇಟರುಗಳ ಸಮೂಹವು ಅಷ್ಟುಹೊತ್ತಿಗೆ ಕರಗಿಹೋಗಿತ್ತು. ಲಂಡನ್ನಿನ ಬಿಗ್ ಬೆನ್ ಗಡಿಯಾರವನ್ನು ಕಾಯುವವರೂ ತಮ್ಮ ಹೊತ್ತನ್ನು ಈ ಟೆಲಿಫೋನ್ ದನಿಗೆ ತಾಳೆನೋಡಿಕೊಳ್ಳುವ ರೂಢಿಯನ್ನಿಟ್ಟುಕೊಂಡಿದ್ದರು. ಗೋಪುರದ ಗಂಟೆಯನ್ನು ಊರವರು ಕೇಳುತ್ತಿದ್ದರೆ, ಗೋಪುರವು ದನಿಯನ್ನು ಕೇಳುತ್ತಿದ್ದಿತು.

ಇತರ ದೇಶಗಳಲ್ಲಿ ಇಂಥ ದನಿಗಳು ಒಂದೊಂದಾಗಿ ಮೌನವನ್ನು ತಾಳಿವೆ. ಆಸ್ಟ್ರೇಲಿಯಾದಲ್ಲಿ 2019ರ ಸೆಪ್ಟೆಂಬರ್ 30ರಂದು, ಮೊಟ್ಟಮೊದಲು ಈ ಸೇವೆಯನ್ನು ಆರಂಭಿಸಿದ ಫ್ರಾನ್ಸಿನಲ್ಲಿ 2022ರ ಜುಲೈ 1ರಂದು ಇದು ನಿಂತುಹೋಯಿತು. ಜೇಬಿನಲ್ಲಿರುವ ಟೆಲಿಫೋನಿನ ಮುಖದ ಮೇಲೆಯೇ ಹೊತ್ತು ಬರೆದಿರುವಾಗ ಅದನ್ನು ಕೇಳುವವರಾರು? ಆದರೆ ಎಥೆಲ್ ಕೇನಳಿಂದ ಮೊದಲಾದ ಪದ್ಧತಿಯು ಅಳಿಯಲಿಲ್ಲ, ಬೆಳೆಯಿತು. ಬ್ಯಾಂಕಿನ ಟೆಲಿಫೋನಿನಲ್ಲಿ, ರೈಲಿನ ನಿಲ್ದಾಣದಲ್ಲಿ, ದಾರಿ ತೋರಿಸುವ ಯಂತ್ರದಲ್ಲಿ ಇಂದು ಕೇಳಿಬರುವ ದನಿಗಳೆಲ್ಲವೂ ತುಂಡುಗಳಿಂದ ವಾಕ್ಯ ಕಟ್ಟುವ ಆ ವಿದ್ಯೆಯ ಸಂತತಿ. ಹಿಂದೆ ಒಂದು ದನಿಯಿಂದ 79 ತುಂಡುಗಳನ್ನು ಪಡೆದು ಗೊತ್ತಾದ 4,320 ವಾಕ್ಯಗಳನ್ನು ಮಾಡಿದರು. ಈಗ ಒಬ್ಬರ ದನಿಯ ಮಾದರಿಯನ್ನು ಪಡೆದು ಅವರೆಂದೂ ಊಹಿಸದ ಮಾತನ್ನೂ ಆಡಿಸಬಲ್ಲರು. ಅಂದು ಹತ್ತು ಗಿನಿಯನ್ನು ಕೊಟ್ಟು ಹೆಸರನ್ನು ಸಾರಿ ಪಡೆದರು. ಹೆಸರೂ ಹೇಳದೆ, ಒಪ್ಪಿಗೆಯನ್ನೂ ಕೇಳದೆ ಕಂಠವೊಂದನ್ನು ಎತ್ತಿಕೊಂಡುಹೋಗುವುದು ಸಾಧ್ಯವಾಗಿರುವ ಈ ಕಾಲದಲ್ಲಿ, ಆ ಹಳೆಯ ಸ್ಪರ್ಧೆಯು ಬಡತನದ್ದಾದರೂ ಮರ್ಯಾದೆಯುಳ್ಳ ವ್ಯವಹಾರವಾಗಿ ಕಾಣುತ್ತದೆ.

ಎಥೆಲ್ ಜೇನ್ ಕೇನ್ 1996ರ ಸೆಪ್ಟೆಂಬರ್ 19ರಂದು ತೀರಿಕೊಂಡಳು. ಆಗ ಆಕೆಗೆ 87 ವರ್ಷ. ಆಕೆಯ ಕಾಲದ ಗಾಜಿನ ಯಂತ್ರವು ಇಂಗ್ಲೆಂಡಿನ ನಾಟಿಂಗ್‌ಹ್ಯಾಂಶೈರ್ ಪ್ರಾಂತದ ಅಪ್ಟನ್ ಹಾಲ್ ಎಂಬಲ್ಲಿರುವ ಗಡಿಯಾರಗಳ ವಸ್ತುಸಂಗ್ರಹಾಲಯಕ್ಕೆ ಸೇರಿತು. ತಟ್ಟೆಗಳ ಮೇಲಿನ ಗೆರೆಗಳಲ್ಲಿ ಇಪ್ಪತ್ತಾರು ವರ್ಷದ ತರುಣಿಯೊಬ್ಬಳು ಹನ್ನೆರಡು ಗಂಟೆಗಳನ್ನೂ ಅರುವತ್ತು ನಿಮಿಷಗಳನ್ನೂ ತಪ್ಪಿಲ್ಲದೆ ಹೇಳಿಟ್ಟು ಹೋಗಿದ್ದಾಳೆ.